ಗ್ರಾಹಕ ಆಯೋಗದ ಆದೇಶಕ್ಕೆ ಬಲ ಇದೆಯೇ? ಸಂವಿಧಾನದ ಪರೀಕ್ಷೆಯಲ್ಲಿ ಗ್ರಾಹಕ ಕಾಯ್ದೆ

ಈ ಪಾಠ ಯಾಕೆ?

ಒಮಾನ್‌ನಲ್ಲಿ ದುಡಿಯುವ ನಮ್ಮವರ ಹಣ ಊರಿನಲ್ಲಿ ಹೆಚ್ಚಾಗಿ ನಾಲ್ಕೈದು ಕಡೆ ಹೋಗುತ್ತದೆ: ಸೈಟು ಅಥವಾ ಫ್ಲ್ಯಾಟು, ವಿಮೆ, ಬ್ಯಾಂಕು, ಮನೆಯವರ ಆಸ್ಪತ್ರೆ ಖರ್ಚು, ಮತ್ತೆ ಇಲ್ಲಿಗೆ ಬರುವಾಗ ಏಜೆಂಟರಿಗೆ ಕೊಟ್ಟದ್ದು. ಇದರಲ್ಲಿ ಯಾವುದು ಕೈಕೊಟ್ಟರೂ ಗ್ರಾಹಕ ಆಯೋಗಕ್ಕೆ ದೂರು ಕೊಡಬಹುದು ಅಂತ ಬಹಳ ಜನರಿಗೆ ಗೊತ್ತಿದೆ. ಆದರೆ ದೂರು ಕೊಡುವ ಹೊತ್ತಿಗೆ ಎದುರಿನವರ ಕಡೆಯಿಂದ ಒಂದು ಮಾತು ಬರುತ್ತದೆ: "ಅದು ನಿಜವಾದ ಕೋರ್ಟೇ ಅಲ್ಲ. ಆ ಕಾಯ್ದೆಯನ್ನೇ ಸುಪ್ರೀಂ ಕೋರ್ಟಿನಲ್ಲಿ ಪ್ರಶ್ನೆ ಮಾಡಿದ್ದಾರೆ. ಆದೇಶ ಬಂದರೂ ನಾವು ಪಾಲಿಸಬೇಕಾಗಿಲ್ಲ."

ಈ ಮಾತಿನಲ್ಲಿ ಅರ್ಧ ನಿಜ ಇದೆ. ಕಾಯ್ದೆಯನ್ನು ಪ್ರಶ್ನೆ ಮಾಡಿದ್ದು ಹೌದು, ಒಂದು ಸಲ ಅಲ್ಲ, ಹಲವು ಸಲ. ಆ ಪ್ರಶ್ನೆಗಳಿಗೆ ಸಿಕ್ಕ ಉತ್ತರವನ್ನು ಮಾತ್ರ ಅವರು ಹೇಳುವುದಿಲ್ಲ. ಆ ಉತ್ತರ ಏನು, ಅದರಿಂದ ನಮಗೇನು ಉಪಯೋಗ ಅನ್ನುವುದೇ ಈ ಪಾಠ.

ಮೊದಲು ಒಂದು ಉದಾಹರಣೆ

ಸೊಹಾರ್‌ನಲ್ಲಿ ಕೆಲಸ ಮಾಡುವ ಒಬ್ಬ ಎಲೆಕ್ಟ್ರಿಷಿಯನ್ ಇದ್ದಾರೆ ಅಂದುಕೊಳ್ಳಿ. ಊರು ಕುಂದಾಪುರದ ಹತ್ತಿರ. ಒಂದು ಲೇಔಟಿನಲ್ಲಿ ಸೈಟು ಬುಕ್ ಮಾಡಿ, ತಿಂಗಳು ತಿಂಗಳು ಉಳಿಸಿ, ಒಟ್ಟು 18 ಲಕ್ಷ ರೂಪಾಯಿ ಕಟ್ಟಿದ್ದಾರೆ. ರಸ್ತೆ, ಚರಂಡಿ, ನೀರು, ಕರೆಂಟು ಎಲ್ಲ ಮಾಡಿ ಎರಡು ವರ್ಷದಲ್ಲಿ ಸೈಟು ಕೊಡ್ತೇವೆ ಅಂತ ಒಪ್ಪಂದ ಆಗಿತ್ತು. ಹೇಳಿದ ದಿನ ದಾಟಿದರೂ ಅಲ್ಲಿ ಗಡಿಕಲ್ಲು ಬಿಟ್ಟರೆ ಬೇರೇನೂ ಇಲ್ಲ. ವಕೀಲರ ಮೂಲಕ ನೋಟಿಸು ಕಳಿಸಿದರು. ಉತ್ತರ ಹೀಗೆ ಬಂತು: ಈ ವಿಷಯ ಗ್ರಾಹಕ ಆಯೋಗದ ವ್ಯಾಪ್ತಿಗೆ ಬರುವುದಿಲ್ಲ, ಸಿವಿಲ್ ಕೋರ್ಟಿಗೆ ಹೋಗಿ, ಬೇಡವಾದರೆ 9 ಲಕ್ಷ ತೆಗೆದುಕೊಂಡು ರಾಜಿ ಪತ್ರಕ್ಕೆ ಸಹಿ ಹಾಕಿ.

ರೂಮಿನಲ್ಲಿರುವ ಹಿರಿಯರು ಬುದ್ಧಿ ಹೇಳ್ತಾರೆ: "ಬಿಡು ಮಾರಾಯ, ಕೋರ್ಟಿನಲ್ಲಿ ಗೆದ್ದವನು ಸೋತ, ಸೋತವನು ಸತ್ತ ಅಂತ ಗಾದೆಯೇ ಇದೆ. ಸಿಕ್ಕಿದ್ದು ತಗೋ."

ಸಹಿ ಹಾಕಿದರೆ 9 ಲಕ್ಷ ಹೋಯಿತು. ಹಾಕದೆ ಸುಮ್ಮನೆ ಕೂತರೂ ಕಷ್ಟ, ಯಾಕಂದ್ರೆ ದೂರು ಕೊಡುವುದಕ್ಕೆ ಕಾನೂನಿನಲ್ಲಿ ಎರಡು ವರ್ಷದ ಕಾಲಮಿತಿ ಇದೆ. ಹಾಗಾಗಿ ಆ ಉತ್ತರ ಎಷ್ಟು ನಿಜ, ಎಷ್ಟು ಬೆದರಿಕೆ ಅಂತ ತಿಳಿಯುವುದು ಅವರಿಗೆ ಅರ್ಧ ಸೈಟಿನ ಬೆಲೆಯ ಪ್ರಶ್ನೆ.

ಸಂವಿಧಾನಕ್ಕೂ ಸೈಟಿಗೂ ಏನು ಸಂಬಂಧ?

ಭಾರತದಲ್ಲಿ ಸಂಸತ್ತು ಮಾಡಿದ ಯಾವ ಕಾಯ್ದೆಯೂ ಸಂವಿಧಾನವನ್ನು ಮೀರುವ ಹಾಗಿಲ್ಲ. ಯಾರಿಗಾದರೂ ಒಂದು ಕಾಯ್ದೆ ಮೀರಿದೆ ಅನ್ನಿಸಿದರೆ ಹೈಕೋರ್ಟು ಅಥವಾ ಸುಪ್ರೀಂ ಕೋರ್ಟಿನಲ್ಲಿ ಪ್ರಶ್ನಿಸಬಹುದು. ಸಾಮಾನ್ಯವಾಗಿ ಎರಡು ಬಗೆಯ ಪ್ರಶ್ನೆ ಬರುತ್ತದೆ. ಒಂದು, ಇಂಥ ಕಾಯ್ದೆ ಮಾಡುವ ಅಧಿಕಾರ ಸಂಸತ್ತಿಗೆ ಇತ್ತೇ? ಎರಡು, ಈ ಕಾಯ್ದೆ ಯಾರದಾದರೂ ಮೂಲಭೂತ ಹಕ್ಕನ್ನು ಕಿತ್ತುಕೊಳ್ಳುತ್ತದೆಯೇ? ಮೂಲಭೂತ ಹಕ್ಕುಗಳಲ್ಲಿ ಇಲ್ಲಿ ಮುಖ್ಯವಾದವು 14ನೇ ವಿಧಿ, ಅಂದ್ರೆ ಕಾನೂನಿನ ಮುಂದೆ ಸಮಾನತೆ, ಮತ್ತು 19(1)(ಜಿ), ಅಂದ್ರೆ ವೃತ್ತಿ ವ್ಯಾಪಾರದ ಸ್ವಾತಂತ್ರ್ಯ.

ಒಂದು ಮಾತು ಗಟ್ಟಿಯಾಗಿ ನೆನಪಿಡಿ. ಕಾಯ್ದೆಯನ್ನು ಯಾರೋ ಪ್ರಶ್ನಿಸಿದ್ದಾರೆ ಅಂದ ಮಾತ್ರಕ್ಕೆ ಅದು ನಿಂತುಹೋಗುವುದಿಲ್ಲ. ಕೋರ್ಟು ಅದನ್ನು ರದ್ದು ಮಾಡುವ ತನಕ, ಅಥವಾ ತಡೆಯಾಜ್ಞೆ ಕೊಡುವ ತನಕ, ಕಾಯ್ದೆ ಸಿಂಧುವಾಗಿಯೇ ಇರುತ್ತದೆ.

ಮೊದಲ ಗ್ರಾಹಕ ಸಂರಕ್ಷಣಾ ಕಾಯ್ದೆ ಬಂದದ್ದು 1986ರಲ್ಲಿ. ಜಿಲ್ಲೆ, ರಾಜ್ಯ, ರಾಷ್ಟ್ರ ಅಂತ ಮೂರು ಹಂತದ ವ್ಯವಸ್ಥೆ ಅದರಿಂದ ಹುಟ್ಟಿತು. ಈಗ ನಡೆಯುತ್ತಿರುವುದು 2019ರ ಕಾಯ್ದೆ. ಅದು 2020ರ ಜುಲೈನಿಂದ ಜಾರಿಯಲ್ಲಿದೆ. ಹಳೆಯ ಕಾಯ್ದೆಯಲ್ಲಿ 'ಜಿಲ್ಲಾ ವೇದಿಕೆ' ಅನ್ನುತ್ತಿದ್ದದ್ದು ಈಗ 'ಜಿಲ್ಲಾ ಆಯೋಗ' ಆಗಿದೆ. ಬಳಕೆ ಮಾತಿನಲ್ಲಿ ಎಲ್ಲರೂ 'ಕನ್ಸ್ಯೂಮರ್ ಕೋರ್ಟು' ಅಂತಲೇ ಹೇಳ್ತಾರೆ.

ಕರ್ನಾಟಕದಿಂದ ಹೋದ ಪ್ರಶ್ನೆ: 2003

ಕಾಯ್ದೆಯ ಬುಡವನ್ನೇ ಅಲ್ಲಾಡಿಸುವ ಪ್ರಶ್ನೆ ಸುಪ್ರೀಂ ಕೋರ್ಟಿಗೆ ಹೋದದ್ದು ನಮ್ಮ ಕರ್ನಾಟಕದಿಂದಲೇ. ಪ್ರಕರಣದ ಹೆಸರು ಕರ್ನಾಟಕ ರಾಜ್ಯ ವಿರುದ್ಧ ವಿಶ್ವಭಾರತಿ ಗೃಹ ನಿರ್ಮಾಣ ಸಹಕಾರ ಸಂಘ. ತೀರ್ಪು 2003ರ ಜನವರಿ 17ರಂದು ಬಂತು. ತೀರ್ಪು ಬರೆದವರು ನ್ಯಾಯಮೂರ್ತಿ ಎಸ್.ಬಿ. ಸಿನ್ಹಾ.

ಕಾಯ್ದೆಯನ್ನು ವಿರೋಧಿಸಿದವರ ವಾದವನ್ನು ಸರಳವಾಗಿ ಹೇಳುವುದಾದರೆ ಮೂರು.

ಒಂದು: ದೇಶದಲ್ಲಿ ಸಿವಿಲ್ ಕೋರ್ಟುಗಳು ಇರುವಾಗ ಅದರ ಪಕ್ಕದಲ್ಲಿ ಇನ್ನೊಂದು ಸಮಾನಾಂತರ ಕೋರ್ಟಿನ ಸಾಲು ಕಟ್ಟುವ ಅಧಿಕಾರ ಸಂಸತ್ತಿಗಿಲ್ಲ.

ಎರಡು: ಸಂವಿಧಾನದ 323-ಎ ಮತ್ತು 323-ಬಿ ವಿಧಿಗಳಲ್ಲಿ ಯಾವ ಯಾವ ವಿಷಯಕ್ಕೆ ನ್ಯಾಯಮಂಡಳಿ ಮಾಡಬಹುದು ಅಂತ ಪಟ್ಟಿ ಇದೆ; ಗ್ರಾಹಕರ ವಿಷಯ ಆ ಪಟ್ಟಿಯಲ್ಲಿ ಇಲ್ಲ.

ಮೂರು: ಆದೇಶ ಜಾರಿ ಮಾಡುವ, ಪಾಲಿಸದವರನ್ನು ಶಿಕ್ಷಿಸುವ ಅಧಿಕಾರ ಇಂಥ ವೇದಿಕೆಗೆ ಕೊಡುವುದು ಸರಿಯಲ್ಲ.

ಸುಪ್ರೀಂ ಕೋರ್ಟು ಮೂರನ್ನೂ ಒಪ್ಪಲಿಲ್ಲ. ನ್ಯಾಯಾಡಳಿತ ಮತ್ತು ಕೆಳಹಂತದ ಕೋರ್ಟುಗಳ ರಚನೆ ಸಂವಿಧಾನದ ಸಮವರ್ತಿ ಪಟ್ಟಿಯ 11-ಎ ನಮೂದಿನಲ್ಲಿದೆ. 1976ರ 42ನೇ ತಿದ್ದುಪಡಿಯಿಂದ ಸೇರಿದ ನಮೂದು ಅದು. ಸಮವರ್ತಿ ಪಟ್ಟಿ ಅಂದ್ರೆ ಕೇಂದ್ರವೂ ರಾಜ್ಯವೂ ಕಾನೂನು ಮಾಡಬಹುದಾದ ವಿಷಯಗಳ ಪಟ್ಟಿ. ಹಾಗಾಗಿ ಸಂಸತ್ತಿಗೆ ಅಧಿಕಾರ ಇದೆ. 323-ಎ, 323-ಬಿ ವಿಧಿಗಳು ಅಧಿಕಾರ ಕೊಡುವ ವಿಧಿಗಳೇ ಹೊರತು ಬೇರೆ ಬಾಗಿಲು ಮುಚ್ಚುವ ವಿಧಿಗಳಲ್ಲ.

ಸಮಾನಾಂತರ ಕೋರ್ಟು ಅನ್ನುವ ಆಕ್ಷೇಪಕ್ಕೆ ಕೋರ್ಟು ಕಾಯ್ದೆಯ 3ನೇ ಕಲಮನ್ನು ತೋರಿಸಿತು. ಈ ಕಾಯ್ದೆಯ ಪರಿಹಾರ ಬೇರೆ ಕಾನೂನುಗಳ ಜೊತೆಗೆ ಸಿಗುವ ಹೆಚ್ಚುವರಿ ಪರಿಹಾರ, ಅವುಗಳ ಬದಲಿಗೆ ಅಲ್ಲ ಅಂತ ಆ ಕಲಮು ಹೇಳುತ್ತದೆ. ಸಿವಿಲ್ ಕೋರ್ಟಿನ ಬಾಗಿಲು ಮುಚ್ಚಿಲ್ಲ. ಪಕ್ಕದಲ್ಲಿ ಇನ್ನೊಂದು ಬಾಗಿಲು ತೆರೆದಿದೆ, ಯಾವುದರಿಂದ ಹೋಗಬೇಕು ಅನ್ನುವುದು ಗ್ರಾಹಕನ ಆಯ್ಕೆ. ಇದೇ ಮಾತು 2019ರ ಕಾಯ್ದೆಯಲ್ಲಿ 100ನೇ ಕಲಮಾಗಿ ಉಳಿದಿದೆ. ಆದೇಶ ಜಾರಿ ಮಾಡುವ ಅಧಿಕಾರವನ್ನೂ ಕೋರ್ಟು ಎತ್ತಿಹಿಡಿಯಿತು.

ಈಗ ನಮ್ಮ ಎಲೆಕ್ಟ್ರಿಷಿಯನ್ ಅವರ ನೋಟಿಸಿನ ಉತ್ತರ ಮತ್ತೊಮ್ಮೆ ಓದಿ. "ಸಿವಿಲ್ ಕೋರ್ಟಿಗೆ ಹೋಗಿ" ಅನ್ನುವುದು ಎದುರಿನವರು ಕೊಡಬಹುದಾದ ಸಲಹೆಯಷ್ಟೇ, ಕಾನೂನಿನ ಕಟ್ಟಳೆಯಲ್ಲ. ಇಪ್ಪತ್ತು ವರ್ಷಕ್ಕೂ ಹಿಂದೆ ಇತ್ಯರ್ಥ ಆದ ಪ್ರಶ್ನೆ ಅದು.

"ನಮಗೆ ಈ ಕಾಯ್ದೆ ಅನ್ವಯಿಸದು" ಅಂದವರು

ಕಾಯ್ದೆ ಸಿಂಧು ಅಂತ ಒಪ್ಪಿದವರಲ್ಲೂ "ಅದು ಅಂಗಡಿಯವರಿಗೆ, ನಮಗಲ್ಲ" ಅಂದವರು ಇದ್ದರು. ಇಬ್ಬರ ಕಥೆ ನಮಗೆ ಮುಖ್ಯ.

ಮೊದಲನೆಯವರು ಸರ್ಕಾರಿ ಪ್ರಾಧಿಕಾರಗಳು. 1993ರ ನವೆಂಬರ್ 5ರಂದು ಲಖನೌ ಅಭಿವೃದ್ಧಿ ಪ್ರಾಧಿಕಾರದ ಪ್ರಕರಣದಲ್ಲಿ ಸುಪ್ರೀಂ ಕೋರ್ಟು, ಮನೆ ಮತ್ತು ನಿವೇಶನ ಅಭಿವೃದ್ಧಿ ಮಾಡಿಕೊಡುವುದು 'ಸೇವೆ', ಸರ್ಕಾರಿ ಪ್ರಾಧಿಕಾರವೂ ಇದಕ್ಕೆ ಹೊರತಲ್ಲ ಅಂತ ಹೇಳಿತು. ಅಷ್ಟೇ ಅಲ್ಲ, ಅಧಿಕಾರಿಗಳ ಕಿರುಕುಳದಿಂದ ಪರಿಹಾರ ಕೊಡಬೇಕಾಗಿ ಬಂದರೆ ಅದನ್ನು ತಪ್ಪು ಮಾಡಿದ ಅಧಿಕಾರಿಗಳಿಂದ ವಸೂಲು ಮಾಡಬೇಕು, ಜನರ ತೆರಿಗೆ ಹಣದಿಂದಲ್ಲ ಅನ್ನುವ ಮಾತನ್ನೂ ಸೇರಿಸಿತು.

ಇಲ್ಲಿ ಒಂದು ಸೂಕ್ಷ್ಮ ಇದೆ. ಲೇಔಟು ಮಾಡಿ, ರಸ್ತೆ, ನೀರು ಕೊಡ್ತೇವೆ ಅಂತ ಸೈಟು ಮಾರಿದರೆ ಅದು ಸೇವೆ. 2012ರಲ್ಲಿ ನಾರ್ನೆ ಕನ್‌ಸ್ಟ್ರಕ್ಷನ್ ಪ್ರಕರಣದಲ್ಲಿ ಇದು ಸ್ಪಷ್ಟವಾಯಿತು. ಆದರೆ ಒಬ್ಬರ ಗದ್ದೆಯನ್ನೋ ಖಾಲಿ ಜಾಗವನ್ನೋ ಇದ್ದ ಹಾಗೆ ಕ್ರಯಕ್ಕೆ ತಗೊಂಡರೆ ಅದು ಬರೀ ಜಮೀನು ವ್ಯವಹಾರ, ಗ್ರಾಹಕ ಆಯೋಗಕ್ಕೆ ಬರುವುದಿಲ್ಲ. ಆದ್ದರಿಂದ ಬುಕ್ ಮಾಡುವಾಗ ಕೊಟ್ಟ ಬ್ರೋಷರ್, ಲೇಔಟ್ ನಕ್ಷೆ, ಸೌಲಭ್ಯಗಳ ಪಟ್ಟಿ ಬಿಸಾಡಬೇಡಿ. 'ಸೇವೆ' ಅಂತ ತೋರಿಸುವುದಕ್ಕೆ ಅದೇ ಸಾಕ್ಷಿ.

ಎರಡನೆಯವರು ವೈದ್ಯರು. ವೈದ್ಯಕೀಯ ವೃತ್ತಿಯನ್ನು ಈ ಕಾಯ್ದೆಗೆ ಸೇರಿಸಬಾರದು, ಸೇರಿಸಿದರೆ ಅದು 14 ಮತ್ತು 19(1)(ಜಿ) ವಿಧಿಗಳಿಗೆ ವಿರುದ್ಧ ಅನ್ನುವ ವಾದ ಸುಪ್ರೀಂ ಕೋರ್ಟಿಗೆ ಹೋಯಿತು. 1995ರ ನವೆಂಬರ್ 13ರಂದು ಇಂಡಿಯನ್ ಮೆಡಿಕಲ್ ಅಸೋಸಿಯೇಷನ್ ಪ್ರಕರಣದಲ್ಲಿ ಉತ್ತರ ಬಂತು: ಹಣ ಪಡೆದು ಕೊಡುವ ಚಿಕಿತ್ಸೆ ಸೇವೆಯೇ. ಎಲ್ಲರಿಗೂ ಪೂರ್ತಿ ಉಚಿತವಾಗಿ ಚಿಕಿತ್ಸೆ ಕೊಡುವ ಆಸ್ಪತ್ರೆ ಮಾತ್ರ ಹೊರಗೆ. ಕೆಲವರಿಂದ ಹಣ ತಗೊಂಡು ಕೆಲವರಿಗೆ ಉಚಿತ ಕೊಡುವ ಆಸ್ಪತ್ರೆಯಾದರೆ ಉಚಿತ ರೋಗಿಗೂ ಹಕ್ಕಿದೆ. ವಿಮೆ ಕಂಪನಿ ಬಿಲ್ಲು ಕಟ್ಟಿದರೂ ಅದು ಹಣ ಪಡೆದ ಸೇವೆಯೇ. 2019ರ ಕಾಯ್ದೆ ಬಂದ ಮೇಲೆ ಇದೇ ಪ್ರಶ್ನೆಯನ್ನು ಮತ್ತೆ ಎತ್ತಿದರು. 2022ರ ಏಪ್ರಿಲ್ 29ರಂದು ಸುಪ್ರೀಂ ಕೋರ್ಟು ಅದನ್ನೂ ತಳ್ಳಿಹಾಕಿತು.

ಎಲ್ಲ ವೃತ್ತಿಗೂ ಹೀಗೇ ಅಂತ ತಿಳಿಯಬೇಡಿ. ವಕೀಲರ ವಿರುದ್ಧ ಸೇವಾ ನ್ಯೂನತೆಯ ದೂರು ಗ್ರಾಹಕ ಆಯೋಗದಲ್ಲಿ ನಡೆಯುವುದಿಲ್ಲ ಅಂತ 2024ರ ಮೇ 14ರಂದು ಸುಪ್ರೀಂ ಕೋರ್ಟು ತೀರ್ಪು ಕೊಟ್ಟಿದೆ.

ಯಾವ ಆಯೋಗ? ಹಣದ ಮಿತಿಯ ಪ್ರಶ್ನೆ: 2025

ಹಳೆಯ ಕಾಯ್ದೆಯಲ್ಲಿ ಯಾವ ಆಯೋಗಕ್ಕೆ ಹೋಗಬೇಕು ಅನ್ನುವುದು ವಸ್ತು ಅಥವಾ ಸೇವೆಯ ಬೆಲೆ ಮತ್ತು ನೀವು ಕೇಳುವ ಪರಿಹಾರ ಎರಡನ್ನೂ ಸೇರಿಸಿ ತೀರ್ಮಾನ ಆಗುತ್ತಿತ್ತು. 2019ರ ಕಾಯ್ದೆ ಇದನ್ನು ಬದಲಿಸಿತು. ಈಗ ನೀವು ನಿಜವಾಗಿ ಕೊಟ್ಟ ಹಣ ಎಷ್ಟು ಅನ್ನುವುದಷ್ಟೇ ಲೆಕ್ಕ. 2021ರ ಡಿಸೆಂಬರ್‌ನ ನಿಯಮದ ಪ್ರಕಾರ:

– ಕೊಟ್ಟ ಹಣ 50 ಲಕ್ಷದವರೆಗೆ: ಜಿಲ್ಲಾ ಆಯೋಗ
– 50 ಲಕ್ಷದಿಂದ 2 ಕೋಟಿವರೆಗೆ: ರಾಜ್ಯ ಆಯೋಗ (ಬೆಂಗಳೂರು)
– 2 ಕೋಟಿಗಿಂತ ಹೆಚ್ಚು: ರಾಷ್ಟ್ರೀಯ ಆಯೋಗ (ದೆಹಲಿ)

ಇದು 14ನೇ ವಿಧಿಗೆ ವಿರುದ್ಧ ಅನ್ನುವ ಪ್ರಶ್ನೆ ಎದ್ದಿತು. ಕಾರಿನ ದೋಷದಿಂದ ಬೆಂಕಿ ಹತ್ತಿ ಗಂಡ ತೀರಿಕೊಂಡರು ಅಂತ ಒಬ್ಬ ಮಹಿಳೆ 50 ಕೋಟಿಗೂ ಹೆಚ್ಚು ಪರಿಹಾರ ಕೇಳಿದ್ದರು. ಕಾರಿನ ಬೆಲೆ ಸುಮಾರು 31 ಲಕ್ಷ. ಹಳೆಯ ಕಾಯ್ದೆಯಲ್ಲಾದರೆ ನೇರ ದೆಹಲಿಗೆ ಹೋಗಬಹುದಾಗಿತ್ತು. ಹೊಸ ಕಾಯ್ದೆಯಲ್ಲಿ ಹಾಗಿಲ್ಲ. ಅಷ್ಟೇ ನಷ್ಟ ಆದ ಇಬ್ಬರನ್ನು, ಕೊಟ್ಟ ಬೆಲೆ ಬೇರೆ ಅಂತ ಬೇರೆ ಬೇರೆ ಆಯೋಗಕ್ಕೆ ಕಳಿಸುವುದು ತಾರತಮ್ಯ ಅನ್ನುವುದು ವಾದ. 2025ರ ಏಪ್ರಿಲ್ 29ರಂದು ನ್ಯಾಯಮೂರ್ತಿಗಳಾದ ಪಿ.ಎಸ್. ನರಸಿಂಹ ಮತ್ತು ಮನೋಜ್ ಮಿಶ್ರಾ ಅವರ ಪೀಠ ಈ ವಾದವನ್ನು ಒಪ್ಪಲಿಲ್ಲ. ಕೊಟ್ಟ ಹಣದ ಮೇಲೆ ಆಯೋಗಗಳನ್ನು ವಿಂಗಡಿಸುವುದು ತರ್ಕಬದ್ಧ. ಅದರಿಂದ ಪರಿಹಾರ ಕೇಳುವ ಹಕ್ಕು ಮೊಟಕಾಗುವುದಿಲ್ಲ ಅಂತ ಹೇಳಿತು.

ಆ ಮಹಿಳೆಗೆ ಅದು ಸೋಲು. ಆದರೆ ಸಣ್ಣ ಮೊತ್ತ ಕಟ್ಟಿದ ನಮ್ಮಂಥವರಿಗೆ ಅದರಲ್ಲಿ ಎರಡು ಅನುಕೂಲ ಇದೆ. ಕೇಳುವ ಪರಿಹಾರ ಎಷ್ಟೇ ಇರಲಿ, 50 ಲಕ್ಷದೊಳಗೆ ಕಟ್ಟಿದ್ದರೆ ನಿಮ್ಮ ಕೇಸು ಜಿಲ್ಲೆಯಲ್ಲೇ ನಡೆಯುತ್ತದೆ. ಶುಲ್ಕವೂ ಕೊಟ್ಟ ಹಣದ ಮೇಲೆ: 5 ಲಕ್ಷದವರೆಗೆ ಶುಲ್ಕವೇ ಇಲ್ಲ, 5ರಿಂದ 10 ಲಕ್ಷಕ್ಕೆ 200 ರೂಪಾಯಿ, 10ರಿಂದ 20 ಲಕ್ಷಕ್ಕೆ 400, 20ರಿಂದ 50 ಲಕ್ಷಕ್ಕೆ 1000. ಅಂದ್ರೆ 18 ಲಕ್ಷ ಕಟ್ಟಿದ ನಮ್ಮ ಎಲೆಕ್ಟ್ರಿಷಿಯನ್ ಜಿಲ್ಲಾ ಆಯೋಗದಲ್ಲಿ 400 ರೂಪಾಯಿ ಕಟ್ಟಿ ದೂರು ಕೊಡಬಹುದು.

ಕೂರುವವರು ಯಾರು?

ಗ್ರಾಹಕರ ಪರವಾಗಿಯೂ ಸಂವಿಧಾನದ ಪ್ರಶ್ನೆ ಎದ್ದದ್ದುಂಟು. ಆಯೋಗದ ಸದಸ್ಯರನ್ನು ನೇಮಿಸಲು ಕೇಂದ್ರ ಸರ್ಕಾರ 2020ರಲ್ಲಿ ಮಾಡಿದ ನಿಯಮಗಳಲ್ಲಿ, ರಾಜ್ಯ ಆಯೋಗದ ಸದಸ್ಯರಿಗೆ 20 ವರ್ಷ, ಜಿಲ್ಲೆಗೆ 15 ವರ್ಷದ ಅನುಭವ ಬೇಕು ಅಂತಿತ್ತು. ಆಯ್ಕೆ ಹೇಗೆ ಅನ್ನುವುದನ್ನು ಸಮಿತಿಯ ಮರ್ಜಿಗೆ ಬಿಟ್ಟಿತ್ತು. ಬಾಂಬೆ ಹೈಕೋರ್ಟಿನ ನಾಗಪುರ ಪೀಠ ಇವನ್ನು ರದ್ದು ಮಾಡಿತು. 2023ರ ಮಾರ್ಚ್ 3ರಂದು ಸುಪ್ರೀಂ ಕೋರ್ಟೂ ಅದನ್ನು ಎತ್ತಿಹಿಡಿದು, 10 ವರ್ಷದ ಅನುಭವ ಸಾಕು, ಲಿಖಿತ ಪರೀಕ್ಷೆ ನಡೆಸಿ ಆಯ್ಕೆ ಮಾಡಿ ಅಂತ ನಿರ್ದೇಶನ ಕೊಟ್ಟಿತು. ಕಾಯ್ದೆ ಉಳಿಯಿತು, 14ನೇ ವಿಧಿಗೆ ಹೊಂದದ ನಿಯಮ ಮಾತ್ರ ಬಿತ್ತು.

ಆದೇಶ ಬಂದ ಮೇಲೆ: ಜಾರಿ

ಬಹಳ ಜನರಿಗೆ ಇದೇ ದೊಡ್ಡ ಭಯ. ಆದೇಶ ಕೈಯಲ್ಲಿ ಹಿಡ್ಕೊಂಡು ಏನು ಮಾಡುವುದು? ಹಲ್ಲು ಕಿತ್ತ ಹಾವಿನ ಹಾಗೆ ಆದರೆ?

ಈ ಭಯಕ್ಕೆ ಒಂದು ಕಾಲದಲ್ಲಿ ಕಾರಣ ಇತ್ತು. 2002ರ ತಿದ್ದುಪಡಿ 1986ರ ಕಾಯ್ದೆಯ 25ನೇ ಕಲಮನ್ನು ಬದಲಿಸಿದಾಗ ಅಲ್ಲಿ 'ಮಧ್ಯಂತರ ಆದೇಶ' ಅನ್ನುವ ಪದ ಸೇರಿತು. ಹಣ ಕೊಡಿ ಅನ್ನುವ ಆದೇಶ ವಸೂಲಿಗೆ ದಾರಿ ಇತ್ತು. ಆದರೆ "ಸೈಟು ನೋಂದಣಿ ಮಾಡಿಕೊಡಿ", "ಕ್ರಯಪತ್ರ ಮಾಡಿಕೊಡಿ" ಅನ್ನುವಂಥ ಅಂತಿಮ ಆದೇಶವನ್ನು ಹೇಗೆ ಜಾರಿ ಮಾಡುವುದು ಅನ್ನುವ ಗೊಂದಲ ಹುಟ್ಟಿತು. ಪುಣೆಯ ಪಾಮ್ ಗ್ರೋವ್ಸ್ ವಸತಿ ಸಹಕಾರ ಸಂಘದ ಪ್ರಕರಣದಲ್ಲಿ 2025ರ ಆಗಸ್ಟ್ 22ರಂದು ಸುಪ್ರೀಂ ಕೋರ್ಟು ಈ ಬಿರುಕನ್ನು ಮುಚ್ಚಿತು. 2003ರ ಮಾರ್ಚ್ 15ರಿಂದ 2020ರ ಜುಲೈ 20ರವರೆಗಿನ ಅವಧಿಗೆ ಆ ಕಲಮನ್ನು 'ಯಾವುದೇ ಆದೇಶ' ಅಂತ ಓದಬೇಕು ಅಂತ ಹೇಳಿತು. ಆ ಕಾಲದ ಹಳೆಯ ಆದೇಶ ಜಾರಿಯಾಗದೆ ಯಾರ ಕಪಾಟಿನಲ್ಲಾದರೂ ಬಿದ್ದಿದ್ದರೆ ಈಗ ವಕೀಲರಿಗೆ ತೋರಿಸಿ.

ಹೊಸ ಕಾಯ್ದೆಯಲ್ಲಿ ಈ ಗೊಂದಲ ಇಲ್ಲ. 71ನೇ ಕಲಮಿನ ಪ್ರಕಾರ ಆಯೋಗದ ಪ್ರತಿ ಆದೇಶವನ್ನೂ ಸಿವಿಲ್ ಕೋರ್ಟಿನ ಡಿಕ್ರಿಯ ಹಾಗೆಯೇ ಜಾರಿ ಮಾಡಬಹುದು. ಆಸ್ತಿ ಜಪ್ತಿಯೂ ಅದರಲ್ಲಿ ಸೇರಿದೆ. 72ನೇ ಕಲಮಿನ ಪ್ರಕಾರ ಆದೇಶ ಪಾಲಿಸದವರಿಗೆ ಒಂದು ತಿಂಗಳಿಂದ ಮೂರು ವರ್ಷದವರೆಗೆ ಸೆರೆವಾಸ, ಅಥವಾ 25 ಸಾವಿರದಿಂದ 1 ಲಕ್ಷದವರೆಗೆ ದಂಡ, ಅಥವಾ ಎರಡೂ. ಜಿಲ್ಲಾ ಆಯೋಗದ ಆದೇಶದ ಮೇಲೆ ಎದುರಿನವರು 45 ದಿನದೊಳಗೆ ರಾಜ್ಯ ಆಯೋಗಕ್ಕೆ ಮೇಲ್ಮನವಿ ಹಾಕಬಹುದು. ಆದರೆ ಹಾಕುವ ಮೊದಲು ಆದೇಶದ ಮೊತ್ತದ ಅರ್ಧ ಠೇವಣಿ ಇಡಬೇಕು. ಎಳೆದಾಡುವುದಕ್ಕೂ ಈಗ ಬೆಲೆ ಇದೆ ಅಂತ ಅರ್ಥ.

ಇದರರ್ಥ ಎಲ್ಲವೂ ಬೇಗ ಮುಗಿಯುತ್ತದೆ ಅಂತಲ್ಲ. ಮೂರು ತಿಂಗಳಲ್ಲಿ ತೀರ್ಮಾನಿಸಲು ಪ್ರಯತ್ನಿಸಬೇಕು ಅಂತ ಕಾಯ್ದೆ ಹೇಳುತ್ತದೆ, ನಡೆಯುವಾಗ ಹೆಚ್ಚು ಹಿಡಿಯುತ್ತದೆ. ಎದುರಿನವರ ಉತ್ತರಕ್ಕೆ ಮಾತ್ರ ಬಿಗಿ ಗಡುವು ಇದೆ: 30 ದಿನ, ಆಯೋಗ ಒಪ್ಪಿದರೆ ಇನ್ನು 15 ದಿನ. ಅದರ ಮೇಲೆ ಒಂದು ದಿನವೂ ಕೊಡುವ ಹಾಗಿಲ್ಲ ಅಂತ 2020ರ ಮಾರ್ಚ್ 4ರಂದು ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ ತೀರ್ಮಾನಿಸಿದೆ.

ಒಮಾನ್‌ನಲ್ಲಿ ಕೊಂಡದ್ದಾದರೆ?

ಇಲ್ಲಿಯವರೆಗೆ ಹೇಳಿದ್ದೆಲ್ಲ ಭಾರತದಲ್ಲಿ ಆದ ವ್ಯವಹಾರಕ್ಕೆ. ರೂವಿಯಲ್ಲಿ ಕೊಂಡ ಮೊಬೈಲಿಗೆ, ಬರ್ಕಾದಲ್ಲಿ ಕೊಂಡ ಹಳೆ ಕಾರಿಗೆ ಉಡುಪಿಯ ಆಯೋಗದಲ್ಲಿ ದೂರು ಕೊಟ್ಟರೆ ಸಮಯ ಹಾಳು. ಅದಕ್ಕೆ ಒಮಾನ್‌ನ ಕಾನೂನೇ ಬೇಕು. ರಾಯಲ್ ಡಿಕ್ರಿ 66/2014ರ ಗ್ರಾಹಕ ಸಂರಕ್ಷಣಾ ಕಾನೂನು ಇಲ್ಲಿ ಜಾರಿಯಲ್ಲಿದೆ. ದೂರು ಕೊಡುವುದು ಗ್ರಾಹಕ ಸಂರಕ್ಷಣಾ ಪ್ರಾಧಿಕಾರದ ಕಚೇರಿಗೆ. ಗ್ರಾಹಕ ಅಂದ್ರೆ ಒಮಾನಿ ಪ್ರಜೆ ಮಾತ್ರ ಅಂತ ಆ ಕಾನೂನು ಹೇಳುವುದಿಲ್ಲ. ಬೇಗ ಕೆಟ್ಟುಹೋಗುವ ಪದಾರ್ಥಗಳನ್ನು ಬಿಟ್ಟು, ದೋಷ ಇರುವ ವಸ್ತುವನ್ನು 15 ದಿನದೊಳಗೆ ಬದಲಾಯಿಸುವ ಅಥವಾ ಹಿಂತಿರುಗಿಸುವ ಹಕ್ಕು ಇದೆ. ಆದರೆ ಕೊಂಡದ್ದಕ್ಕೆ ಪುರಾವೆ ಬೇಕು. ಬಿಲ್ಲು ಅರೇಬಿಕ್‌ನಲ್ಲಿದೆ, ಓದಲು ಬರುವುದಿಲ್ಲ ಅಂತ ಎಸೆಯಬೇಡಿ; ಫೋಟೋ ತೆಗೆದಿಟ್ಟುಕೊಳ್ಳಿ.

ಒಮಾನ್‌ನಲ್ಲಿ ಸಂವಿಧಾನದ ಜಾಗದಲ್ಲಿ ಇರುವುದು ಮೂಲ ಶಾಸನ, ಬೇಸಿಕ್ ಸ್ಟ್ಯಾಚೂಟ್. ಮೊದಲನೆಯದು 1996ರಲ್ಲಿ ಬಂತು, ಈಗಿನದು 2021ರ ರಾಯಲ್ ಡಿಕ್ರಿ 6/2021. ಕಾನೂನುಬದ್ಧವಾಗಿ ಇರುವ ವಿದೇಶಿಯರ ಜೀವ ಮತ್ತು ಆಸ್ತಿಗೆ ಅದರಲ್ಲಿ ರಕ್ಷಣೆಯ ಭರವಸೆ ಇದೆ. ಹಾಗಾಗಿ "ನಾನು ಹೊರಗಿನವನು, ನನ್ನ ದೂರು ಯಾರು ಕೇಳ್ತಾರೆ" ಅಂತ ಸುಮ್ಮನಿರಬೇಡಿ.

ಇನ್ನೊಂದು ಎಚ್ಚರ: ಸಂಬಳ ಬಾಕಿ, ಓವರ್‌ಟೈಮ್, ರಜೆ ಹಣ ಇವು ಗ್ರಾಹಕ ವಿಷಯ ಅಲ್ಲ. ನೌಕರ ಗ್ರಾಹಕನಲ್ಲ. ಅದಕ್ಕೆ ಒಮಾನ್‌ನ ಕಾರ್ಮಿಕ ಸಚಿವಾಲಯ, ರಾಯಲ್ ಡಿಕ್ರಿ 53/2023ರ ಕಾರ್ಮಿಕ ಕಾನೂನು.

ಎದುರಿನವರು ಹೀಗಂದರೆ, ನಮ್ಮ ಉತ್ತರ

*"ಕನ್ಸ್ಯೂಮರ್ ಕೋರ್ಟು ಸಂವಿಧಾನಬದ್ಧ ಅಲ್ಲ."* ವಿಶ್ವಭಾರತಿ ಪ್ರಕರಣ, 2003. ಇತ್ಯರ್ಥ ಆಗಿದೆ.

*"ಕಾಯ್ದೆಯ ಮೇಲೆ ಹೈಕೋರ್ಟಿನಲ್ಲಿ ರಿಟ್ ಹಾಕಿದ್ದೇವೆ."* ತಡೆಯಾಜ್ಞೆ ಇದ್ದರೆ ಅದರ ಪ್ರತಿ ಕೊಡಿ. ಪ್ರತಿ ಇಲ್ಲದಿದ್ದರೆ ಕೇಸು ಮುಂದುವರಿಯುತ್ತದೆ.

*"ರೇರಾ ಇದೆ, ಅಲ್ಲಿಗೇ ಹೋಗಬೇಕು."* ರೇರಾ ಕಾಯ್ದೆ ಗ್ರಾಹಕ ಆಯೋಗದ ದಾರಿಯನ್ನು ಮುಚ್ಚುವುದಿಲ್ಲ ಅಂತ 2020ರ ನವೆಂಬರ್ 2ರಂದು ಇಂಪೀರಿಯಾ ಸ್ಟ್ರಕ್ಚರ್ಸ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಹೇಳಿದೆ. ಆಯ್ಕೆ ನಿಮ್ಮದು. ಎರಡು ಕಡೆ ಒಟ್ಟಿಗೆ ಒಂದೇ ಪರಿಹಾರ ಕೇಳಬೇಡಿ.

*"ನೀವು ಲಾಭಕ್ಕೆ ಕೊಂಡದ್ದು, ಗ್ರಾಹಕ ಅಲ್ಲ."* ಇದಕ್ಕೆ ಹುಷಾರಾಗಿ ಉತ್ತರಿಸಬೇಕು. ವ್ಯಾಪಾರಕ್ಕೆ ಕೊಂಡವರು ಗ್ರಾಹಕರಲ್ಲ ಅನ್ನುವುದು ನಿಜ. ಒಂದು ಸೈಟು ಮನೆ ಕಟ್ಟಲು ಕೊಂಡಿದ್ದರೆ ತೊಂದರೆ ಇಲ್ಲ. ಮಾರುವುದಕ್ಕೇ ಅಂತ ಐದಾರು ಸೈಟು ಕೊಂಡಿದ್ದರೆ ಮೊದಲು ವಕೀಲರನ್ನು ಕೇಳಿ.

ಮಸ್ಕತ್‌ನಲ್ಲಿ ಕೂತು ಮಾಡಬೇಕಾದ ಕೆಲಸ

1. ದಿನಾಂಕ ಬರೆದಿಡಿ. ವಂಚನೆ ಅಥವಾ ನ್ಯೂನತೆ ಆದ ದಿನದಿಂದ ಎರಡು ವರ್ಷ, ಇದು ಕಾಯ್ದೆಯ 69ನೇ ಕಲಮು. ತಡವಾದರೆ ಸರಿಯಾದ ಕಾರಣ ತೋರಿಸಿ ಕ್ಷಮೆ ಕೇಳಬಹುದು, ಆದರೆ ಅದು ಆಯೋಗದ ವಿವೇಚನೆ. "ಮುಂದಿನ ರಜೆಯಲ್ಲಿ ಊರಿಗೆ ಹೋದಾಗ ನೋಡುವ" ಅನ್ನುವುದರಲ್ಲೇ ನಮ್ಮವರ ಎರಡು ವರ್ಷ ಮುಗಿಯುವುದು. ರಾಜಿ ಮಾತುಕತೆ ನಡೆಯುತ್ತಿದೆ ಅಂತಲೂ ಗಡಿಯಾರ ನಿಲ್ಲುವುದಿಲ್ಲ.

2. ಕಾಗದ ಒಂದೆಡೆ ಸೇರಿಸಿ: ಒಪ್ಪಂದ, ರಶೀದಿ, ಬ್ಯಾಂಕ್ ಸ್ಟೇಟ್‌ಮೆಂಟು, ಎಕ್ಸ್‌ಚೇಂಜ್‌ನಲ್ಲಿ ಹಣ ಕಳಿಸಿದ ಚೀಟಿ, ವಾಟ್ಸಾಪ್ ಮಾತುಕತೆ, ನೋಟಿಸು ಮತ್ತು ಅದರ ಉತ್ತರ. ಕೈಯಲ್ಲಿ ನಗದು ಕೊಟ್ಟು ರಶೀದಿ ಇಲ್ಲದಿದ್ದರೆ ಸಾಬೀತು ಮಾಡುವುದು ಬಹಳ ಕಷ್ಟ.

3. ಎಲ್ಲಿ ದೂರು ಕೊಡುವುದು ಅಂತ ನೋಡಿ. ಎದುರಿನವರ ಕಚೇರಿ ಅಥವಾ ಶಾಖೆ ಇರುವ ಜಿಲ್ಲೆ, ವ್ಯವಹಾರ ನಡೆದ ಜಿಲ್ಲೆ, ಅಥವಾ ದೂರುದಾರ ವಾಸಿಸುವ ಜಿಲ್ಲೆ. ಮೂರನೆಯದನ್ನು 2019ರ ಕಾಯ್ದೆ ಹೊಸದಾಗಿ ಕೊಟ್ಟಿದೆ. ಆದರೆ ನೀವು ಒಮಾನ್‌ನಲ್ಲಿ ಇರುವುದರಿಂದ "ವಾಸ ಇಲ್ಲಿಲ್ಲ" ಅನ್ನುವ ತಕರಾರು ಬರಬಹುದು. ಸಾಧ್ಯವಾದರೆ ವ್ಯವಹಾರ ನಡೆದ ಜಾಗವನ್ನೇ ಆಧಾರ ಮಾಡಿಕೊಳ್ಳಿ.

4. ದೂರನ್ನು ಆನ್‌ಲೈನ್‌ನಲ್ಲೇ ಸಲ್ಲಿಸಬಹುದು. ಮೊದಲು ಇ-ದಾಖಿಲ್ ಇತ್ತು; 2025ರ ಜನವರಿ 1ರಿಂದ ಇ-ಜಾಗೃತಿ ಪೋರ್ಟಲ್ ಬಂದಿದೆ. ವಿಡಿಯೋ ಮೂಲಕ ವಿಚಾರಣೆಗೆ ಹಾಜರಾಗಲು ಅರ್ಜಿ ಹಾಕುವ ಅವಕಾಶವನ್ನು ಕಾಯ್ದೆಯ 38ನೇ ಕಲಮು ಕೊಟ್ಟಿದೆ.

5. ಊರಿನಲ್ಲಿ ನಂಬಿಕೆಯ ಒಬ್ಬರಿಗೆ ಅಧಿಕಾರ ಪತ್ರ ಕೊಡಿ. ಮಸ್ಕತ್‌ನ ಭಾರತೀಯ ರಾಯಭಾರ ಕಚೇರಿಯ ಮೂಲಕ ದೃಢೀಕರಿಸಿ ಕಳಿಸಿ. ಪತ್ರದಲ್ಲಿ ಈ ಕೇಸು ನಡೆಸುವ ಅಧಿಕಾರ ಮಾತ್ರ ಬರೆಯಿರಿ; ಆಸ್ತಿ ಮಾರುವ ಅಧಿಕಾರ ಸೇರಿಸಬೇಡಿ.

6. ವಕೀಲರು ಕಡ್ಡಾಯ ಅಲ್ಲ. ಬೇಕಾದರೆ, ಹೆಂಗಸರಿಗೆ, ಪರಿಶಿಷ್ಟ ಜಾತಿ, ಪಂಗಡದವರಿಗೆ, ಕಡಿಮೆ ಆದಾಯದವರಿಗೆ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದಲ್ಲಿ ಉಚಿತ ವಕೀಲರು ಸಿಗುತ್ತಾರೆ.

7. ಏಜೆಂಟರ ವಿಷಯವಾದರೆ ಎರಡು ದಾರಿ. ಹಣ ಪಡೆದು ಹೇಳಿದ ಸೇವೆ ಕೊಡದಿದ್ದರೆ ಸೇವಾ ನ್ಯೂನತೆ ಅಂತ ಆಯೋಗಕ್ಕೆ. ಪರವಾನಗಿ ಇಲ್ಲದೆ ಆಳು ಕಳಿಸಿದ್ದರೆ 1983ರ ವಲಸೆ ಕಾಯ್ದೆಯಡಿ ಪ್ರೊಟೆಕ್ಟರ್ ಆಫ್ ಎಮಿಗ್ರಂಟ್ಸ್ ಕಚೇರಿಗೆ ಮತ್ತು ಪೊಲೀಸರಿಗೆ. ನೋಂದಾಯಿತ ಏಜೆಂಟರು ಪಡೆಯಬಹುದಾದ ಸೇವಾ ಶುಲ್ಕದ ಮಿತಿ 30,000 ರೂಪಾಯಿ ಮತ್ತು ಅದರ ಮೇಲಿನ ಜಿಎಸ್‌ಟಿ.

ಚರ್ಚೆಗೆ

ಗುಂಪಿನಲ್ಲಿ ಕೂತಾಗ ಈ ಮೂರು ಪ್ರಶ್ನೆ ಮಾತಾಡಿ. ಉತ್ತರ ಪಾಠದಲ್ಲೇ ಇದೆ.

ಒಬ್ಬರು 4 ಲಕ್ಷ ಕಟ್ಟಿದ್ದಾರೆ, 60 ಲಕ್ಷ ಪರಿಹಾರ ಕೇಳಬೇಕು ಅಂತಿದ್ದಾರೆ. ಯಾವ ಆಯೋಗ? ಶುಲ್ಕ ಎಷ್ಟು?

ಅಮ್ಮನ ಆಪರೇಷನ್ನಿಗೆ ವಿಮೆ ಕಂಪನಿ ಹಣ ಕಟ್ಟಿತ್ತು. ಆಸ್ಪತ್ರೆಯವರು "ನೀವು ಕೈಯಿಂದ ಕೊಟ್ಟಿಲ್ಲ, ನೀವು ಗ್ರಾಹಕರಲ್ಲ" ಅಂತಾರೆ. ಸರಿಯೇ?

ನಮ್ಮ ಎಲೆಕ್ಟ್ರಿಷಿಯನ್ 9 ಲಕ್ಷದ ರಾಜಿ ಪತ್ರಕ್ಕೆ ಸಹಿ ಹಾಕಬೇಕೇ? ರಾಜಿ ತಪ್ಪಲ್ಲ, ಎಷ್ಟೋ ಸಲ ರಾಜಿಯೇ ಒಳ್ಳೆಯದು. ಆದರೆ ತನ್ನ ಕೈಯಲ್ಲಿ ಏನು ಬಲ ಇದೆ ಅಂತ ತಿಳಿದು ಮಾಡುವ ರಾಜಿ ಬೇರೆ, ಹೆದರಿ ಮಾಡುವ ರಾಜಿ ಬೇರೆ. ಸಹಿ ಹಾಕುವ ಮೊದಲು ದಿನಾಂಕ ನೋಡಿ, 400 ರೂಪಾಯಿ ಕಟ್ಟಿ ದೂರು ದಾಖಲಿಸಿ. ಆಮೇಲೆ ಮಾತಿಗೆ ಕೂರಿ.